ತುರುಕುವ ತುತ್ತು

ಮನುಷ್ಯನಿಗೆ ಜ್ವರ ಬಂದರೆ ಲಂಘನವೇ ಪರಮೌಷಧವೆಂದು ಉಪದೇಶಿಸುವ ನಾವು, ಸಾಕಿದ ಆಮೆ ನಾಲ್ಕು ದಿನ ಬಾಯಿ ತೆರೆಯದಿದ್ದರೆ ಮೊಸರನ್ನ ಹಿಡಿದು ಅದರ ಬೆನ್ನು ಹತ್ತುತ್ತೇವೆ. ಈ ಪ್ರೀತಿಗೆ ನನ್ನ ಆಕ್ಷೇಪವಿದೆ. ಹೀಗೆ ತುರುಕಿದವರಲ್ಲಿ ನಾನೂ ಒಬ್ಬನಾದ್ದರಿಂದ ಆಕ್ಷೇಪಿಸುವ ಅರ್ಹತೆಯೂ ಇದೆಯೆಂದುಕೊಂಡಿದ್ದೇನೆ.

ದೆಹಲಿಯ ನಮ್ಮ ಕ್ವಾರ್ಟರ್ಸಿನಲ್ಲಿ ಹದಿನಾಲ್ಕು ವರ್ಷಗಳಿಂದ ಒಂದು ರೆಡ್ ಇಯರ್ಡ್ ಸ್ಲೈಡರ್ ಆಮೆಯಿದೆ. ಕಳೆದ ಜನವರಿಯಲ್ಲಿ ಅದು ತಿನ್ನುವುದನ್ನು ಬಿಟ್ಟಿತು. ರೆಪ್ಪೆಗಳು ಊದಿ ಮುಚ್ಚಿಕೊಂಡವು. ಅಮ್ಮ ಅದನ್ನು ತೊಡೆಯ ಮೇಲಿಟ್ಟುಕೊಂಡು, 'ಒಂದೇ ಒಂದು ತುತ್ತು ತಿನ್ನೋ ಮರಿ' ಎಂದು ಗೋಗರೆದರು. ನಾನು ಚಮಚದ ಹಿಡಿಯಿಂದ ಬಾಯಿ ಬಿಡಿಸಿದೆ. ಈ ಜಾತಿಯ ಆಮೆ ನುಂಗುವುದು ನೀರಿನೊಳಗೆ ಎಂಬುದನ್ನೂ ಅರಿಯದ ವಿದ್ಯಾವಂತ ಮನೆ ನಮ್ಮದು.

ಶೀತರಕ್ತದ ಪ್ರಾಣಿಯ ಜಠರಾಗ್ನಿ ಹೊಟ್ಟೆಯಲ್ಲಿಲ್ಲ, ಹೊರಗಿನ ಬಿಸಿಲಿನಲ್ಲಿದೆ. ನೀರು 15 ಡಿಗ್ರಿಗಿಂತ ತಣ್ಣಗಾದರೆ ಜೀರ್ಣಕ್ರಿಯೆ ನಿಂತಂತೆಯೇ; ತುರುಕಿದ ಅನ್ನ ಒಳಗೇ ಕೊಳೆಯುತ್ತದೆ. ಬಳಲಿದ ಆಮೆಗೆ ಮೊದಲು ಬೇಕಾದುದು ಬಿಸಿ, ಅನಂತರ ನೀರು, ಆಮೇಲಷ್ಟೇ ಆಹಾರ. ಬಹುದಿನ ಉಪವಾಸವಿದ್ದ ಜೀವಕ್ಕೆ ಒಮ್ಮೆಲೇ ಹೊಟ್ಟೆ ತುಂಬಿಸಿದರೆ ರಕ್ತದ ಲವಣಗಳು ಏರುಪೇರಾಗಿ ಅದು ಸಾಯಲೂಬಹುದು. ನಳಿಗೆಯಿಂದ ಉಣಿಸಬೇಕೇ, ಎಷ್ಟು ಉಣಿಸಬೇಕು ಎಂಬುದು ಸರೀಸೃಪಗಳನ್ನು ಬಲ್ಲ ಪಶುವೈದ್ಯರ ತೀರ್ಮಾನ, ಅಮ್ಮಂದಿರ ಕರುಳಿನದಲ್ಲ.

ಆದರೆ ಕಾಯಿಲೆ ಆ ಜನವರಿಯಲ್ಲಿ ಹುಟ್ಟಿದ್ದಲ್ಲ. ಮರಿಯ ಜೊತೆಗೆ ಒಣಸೀಗಡಿಯ ಡಬ್ಬಿ ಕೊಟ್ಟ ಅಂಗಡಿಯವನು 'ಇದಿಷ್ಟೇ ಸಾಕು' ಎಂದಿದ್ದ, ನಾವು ನಂಬಿದ್ದೆವು. ಬರೀ ಒಣಸೀಗಡಿಯಲ್ಲಿ ಎ ಜೀವಸತ್ವ ಸಾಲದು. ಅದರ ಕೊರತೆಯೇ ರೆಪ್ಪೆಗಳನ್ನು ಊದಿಸುತ್ತದೆ, ಕಣ್ಣು ಕಾಣದ ಆಮೆ ಎದುರಿಗಿದ್ದುದನ್ನೂ ತಿನ್ನದು. ನಾವದನ್ನು ಹಟವೆಂದೆವು! ಹಾಗೆಂದು ಆ ಜೀವಸತ್ವದ ಚುಚ್ಚುಮದ್ದು ಹೆಚ್ಚಾದರೆ ಚರ್ಮವೇ ಸುಲಿದುಹೋಗುತ್ತದೆ. ಎಳೆಯದರಲ್ಲಿ ಮಾಂಸವನ್ನೇ ಹೆಚ್ಚಾಗಿ ಬಯಸುವ ಈ ಆಮೆ ಬೆಳೆದಂತೆ ಸೊಪ್ಪಿನತ್ತ ವಾಲುತ್ತದೆ. ಪ್ರಾಯ ಕಳೆದ ಮೇಲೂ ಬರೀ ಮಾಂಸ ಹಾಕುತ್ತಿದ್ದರೆ ಮೂತ್ರಪಿಂಡ ಸೋಲುತ್ತದೆ. ನುಗ್ಗೆಸೊಪ್ಪು ಒಳ್ಳೆಯದು, ಪಾಲಕ್ ಸೊಪ್ಪಿನ ಆಕ್ಸಲೇಟ್ ಸುಣ್ಣದಂಶವನ್ನು ಕಟ್ಟಿಹಾಕುವುದರಿಂದ ಅದನ್ನೇ ದಿನವೂ ಕೊಡಬಾರದು. ಆ ಸುಣ್ಣ ಮೈಗೆ ಹತ್ತಲು ಅತಿನೇರಳೆ ಕಿರಣವೂ ಬೇಕು. ಕಿಟಕಿಯ ಗಾಜಿನ ಹಿಂದೆ ತೊಟ್ಟಿಯಿಟ್ಟು ಬಿಸಿಲು ಕಾಯಿಸಿದೆವೆಂದುಕೊಳ್ಳುವುದು ಆತ್ಮವಂಚನೆ. ಗಾಜು ಆ ಕಿರಣವನ್ನು ತಡೆಯುತ್ತದೆ.

ಮೂವತ್ತು ವರ್ಷ ಬಾಳಬಲ್ಲ ಪ್ರಾಣಿಯನ್ನು ಹೀಟರಾಗಲಿ ದೀಪವಾಗಲಿ ಇಲ್ಲದೆ, ಆಯುಷ್ಯದ ಮಾತೂ ಎತ್ತದೆ ಮಾರುವುದು ವ್ಯಾಪಾರವಲ್ಲ, ವಂಚನೆ. ಕೇಳದೆ ಕೊಂಡ ನಾವೂ ಅದರಲ್ಲಿ ಪಾಲುದಾರರು. ಬೇಸತ್ತವರು ಯಮುನೆಗೆ ಬಿಟ್ಟು ಪುಣ್ಯ ಕಟ್ಟಿಕೊಳ್ಳುತ್ತಾರೆ. ಪರದೇಶದ ಈ ಆಮೆ ಅಲ್ಲಿ ನಮ್ಮ ಆಮೆಗಳ ಅನ್ನ ಕಸಿಯುತ್ತದೆ.

ನಮ್ಮದು ಉಳಿದಿದೆ. ವೈದ್ಯರು ಅನ್ನ ಬಿಡಿಸಿ, ನೀರಿಗೆ ಹೀಟರ್ ಹಾಕಿಸಿ, ಹನ್ನೊಂದು ದಿನ ಕಾಯಿಸಿದರು. ಬಲಗಣ್ಣು ಪೂರ್ತಿ ತೆರೆದಿದೆ, ಎಡಗಣ್ಣು ಅರ್ಧ. ಅಮ್ಮ ಈಗಲೂ ತಟ್ಟೆ ಹಿಡಿದು ತೊಟ್ಟಿಯ ಬಳಿ ಬರುತ್ತಾರೆ. ನಾನು ಥರ್ಮಾಮೀಟರ್ ತೋರಿಸುತ್ತೇನೆ.