ಸ್ವರಕ್ಕೆ ದೀರ್ಘ ಬೇಡವೆ?

ಮುಂಬಯಿಯ ಕನ್ನಡ ಮನೆಗಳಲ್ಲಿ ಕರ್ನಾಟಕ ಸಂಗೀತ ಕಲಿಯುವ ಮಕ್ಕಳ ಕೈಯಲ್ಲಿ ಈಗ ಹೆಚ್ಚಾಗಿ ಕಾಣಸಿಗುವ ಸ್ವರಪಾಠ ಇಂಗ್ಲಿಷ್ ಅಕ್ಷರದ್ದು. ಎಸ್, ಆರ್, ಜಿ, ಎಂ ಎಂದು ಸಾಲಾಗಿ ಟೈಪು ಮಾಡಿ, ನಕಲು ತೆಗೆದೋ ಫೋನಿಗೆ ಕಳುಹಿಸಿಯೋ ಪಾಠ ಒಪ್ಪಿಸುವಂತೆ ಹೇಳುತ್ತಾರೆ. ತಂದೆತಾಯಿಗಳಿಗೂ ಇದೇ ಅನುಕೂಲ. "ಮಗುವಿಗೆ ಕನ್ನಡ ಓದಲು ಬರುವುದಿಲ್ಲ, ಏನು ಮಾಡೋಣ?" ಎಂಬ ಮಾತು ಸಿದ್ಧವಾಗಿಯೇ ಇರುತ್ತದೆ. ಈ ಅನುಕೂಲಕ್ಕೆ ನಾವು ತೆರುತ್ತಿರುವ ಬೆಲೆ ಎಷ್ಟೆಂದು ಯಾರೂ ಲೆಕ್ಕ ಹಾಕಿದಂತಿಲ್ಲ.

ನಮ್ಮ ಸ್ವರಲಿಪಿಯ ಏರ್ಪಾಡು ಎಷ್ಟು ಸರಳವೆಂಬುದನ್ನು ಮೊದಲು ನೋಡೋಣ. 'ಸ' ಎಂದು ಹ್ರಸ್ವವಾಗಿ ಬರೆದರೆ ಒಂದು ಅಕ್ಷರಕಾಲ. 'ಸಾ' ಎಂದು ದೀರ್ಘವಾಗಿ ಬರೆದರೆ ಎರಡು. ಇನ್ನೂ ಎಳೆಯಬೇಕಾದರೆ ಮುಂದೆ ಅಲ್ಪವಿರಾಮದ ಗುರುತು ಹಾಕಿದರೆ ಒಂದು ಅಕ್ಷರ ಸೇರುತ್ತದೆ, ಅರ್ಧವಿರಾಮ ಹಾಕಿದರೆ ಎರಡು. ಮೊಟಕು ಮಾಡಬೇಕಾದರೆ ಸ್ವರಗಳ ನೆತ್ತಿಯ ಮೇಲೆ ಒಂದು ಗೆರೆ: ಕಾಲ ಅರ್ಧಕ್ಕೆ ಇಳಿಯುತ್ತದೆ. ಎರಡು ಗೆರೆ ಎಳೆದರೆ ನಾಲ್ಕರಲ್ಲಿ ಒಂದು ಪಾಲು. ಇಷ್ಟೇ. ಶಾಲೆಯಲ್ಲಿ ಲಘು-ಗುರು ಹಾಕಿ ಪ್ರಸ್ತಾರ ಮಾಡಿದವರಿಗೆ ಇದನ್ನು ಹೊಸದಾಗಿ ಕಲಿಸಬೇಕಾಗಿಯೇ ಇಲ್ಲ. ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು ಎಂಬ ಲೆಕ್ಕವೇ ಇಲ್ಲಿಯೂ ಇರುವುದು. ಅಕ್ಷರವನ್ನು ಬಾಯಿಬಿಟ್ಟು ಓದಿದರೆ ಸಾಕು, ಕಾಲ ತಾನಾಗಿಯೇ ನಾಲಗೆಗೆ ಬರುತ್ತದೆ. ಸ್ವರದ ಹೆಸರಿನೊಳಗೇ ಅದರ ಉದ್ದ ಅಡಗಿದೆ.

ಇಂಗ್ಲಿಷ್ ಅಕ್ಷರದಲ್ಲಿ ಈ ಉದ್ದವನ್ನು ತೋರಿಸಲು ಹೂಡಿರುವ ಉಪಾಯ ದೊಡ್ಡಕ್ಷರ, ಚಿಕ್ಕಕ್ಷರ. ದೊಡ್ಡ ಆರ್ ಎಂದರೆ ದೀರ್ಘ, ಚಿಕ್ಕ ಆರ್ ಎಂದರೆ ಹ್ರಸ್ವ. ಮದರಾಸಿನಲ್ಲಿ ಇದು ನಡೆದೀತು. ಮುಂಬಯಿ, ಪುಣೆಗಳಲ್ಲಿ ನಮ್ಮ ನೆರೆಮನೆಯ ಮಗು ಹಿಂದೂಸ್ತಾನಿ ಕಲಿಯುತ್ತದೆ. ಎಷ್ಟೋ ಕನ್ನಡ ಮಕ್ಕಳು ಎರಡನ್ನೂ ಕಲಿಯುತ್ತಾರೆ. ಹಿಂದೂಸ್ತಾನಿಯವರು ಇಂಗ್ಲಿಷ್ ಅಕ್ಷರ ಬಳಸುವಾಗ ದೊಡ್ಡ ಆರ್ ಶುದ್ಧ ರಿಷಭ, ಚಿಕ್ಕ ಆರ್ ಕೋಮಲ ರಿಷಭ. ಮಧ್ಯಮದಲ್ಲಾದರೆ ಚಿಕ್ಕದು ಶುದ್ಧ, ದೊಡ್ಡದು ತೀವ್ರ. ಈಗ ಶುದ್ಧ ಸಾವೇರಿಯಲ್ಲಿ 'ಸಾ ರಿ ಮಾ ಪ' ಎಂದು ಆರು ಅಕ್ಷರದ ಒಂದು ತುಣುಕನ್ನು ಬರೆದುಕೊಡಿ. ಇಂಗ್ಲಿಷಿನಲ್ಲಿ ಅದು ದೊಡ್ಡ ಎಸ್, ಚಿಕ್ಕ ಆರ್, ದೊಡ್ಡ ಎಂ, ಚಿಕ್ಕ ಪಿ ಆಗುತ್ತದೆ. ಹಿಂದೂಸ್ತಾನಿ ಅಭ್ಯಾಸದ ಕಣ್ಣಿಗೆ ಅದರಲ್ಲಿ ಕಾಣುವುದು ಕೋಮಲ ರಿಷಭ, ತೀವ್ರ ಮಧ್ಯಮ! ಉದ್ದವೂ ಹೋಯಿತು, ರಾಗವೂ ಹೋಯಿತು. ಇದು ಮಗುವಿನ ದೋಷವೆ?

ಕೆಲವರು ಎಲ್ಲವನ್ನೂ ದೊಡ್ಡಕ್ಷರದಲ್ಲೇ ಬರೆದು ಎಳೆತಕ್ಕೆ ಅಲ್ಪವಿರಾಮ ಮಾತ್ರ ಹಾಕುತ್ತಾರೆ. ಅದು ತಪ್ಪೇನಲ್ಲ. ಆದರೆ ನಕಲಿನ ನಕಲಿನಲ್ಲಿ ಮೊದಲು ಮಾಯವಾಗುವುದು ಆ ಅಲ್ಪವಿರಾಮವೇ.

ನೆತ್ತಿಯ ಗೆರೆಯ ಗತಿ ಇನ್ನೂ ಶೋಚನೀಯ. ಅಚ್ಚುಮೊಳೆಯ ಕಾಲದಲ್ಲಿ ಮೊಳೆ ಜೋಡಿಸುವವನು ಬೇಸರಿಸದೆ ಸ್ವರಗಳ ಮೇಲೆ ಗೆರೆಗಳನ್ನು ಕೂರಿಸುತ್ತಿದ್ದ. ಈಗ ಬೆರಳ ತುದಿಯಲ್ಲಿ ಎಲ್ಲ ಸೌಕರ್ಯವಿದ್ದರೂ ಗೆರೆ ಹಾಕುವ ತಾಳ್ಮೆ ಯಾರಿಗೂ ಇಲ್ಲ. ಆದಿತಾಳದ ಒಂದು ಆವರ್ತದಲ್ಲಿ ನಾಲ್ಕು ಸ್ವರಗಳ ಮೇಲಿನ ಒಂದು ಗೆರೆ ಬಿದ್ದುಹೋಯಿತೆನ್ನಿ. ಎರಡು ಅಕ್ಷರದಲ್ಲಿ ಮುಗಿಯಬೇಕಾದದ್ದು ನಾಲ್ಕು ಹಿಡಿಯುತ್ತದೆ. ಎಂಟರ ಆವರ್ತ ಹತ್ತಾಗುತ್ತದೆ. ಮಗು ಮನೆಯಲ್ಲಿ ತಾಳ ಹಾಕಿ ಹಾಕಿ ಸೋತು, ತನಗೇ ಲಯಜ್ಞಾನವಿಲ್ಲವೆಂದು ನಂಬಿ ಕೂರುತ್ತದೆ.

"ಸಂಗೀತ ಗುರುಮುಖದಿಂದ ಬರಬೇಕಾದ ವಿದ್ಯೆ, ಹಾಳೆಗೆ ಇಷ್ಟು ರಂಪವೇಕೆ?" ಎನ್ನುವವರಿದ್ದಾರೆ. ಗುರುಮುಖವೇ ಮುಖ್ಯ, ಒಪ್ಪಿದೆ. ಆದರೆ ಗುರುಮುಖ ವಾರಕ್ಕೊಂದು ದಿನ, ಅದೂ ಲೋಕಲ್ ಗಾಡಿ ಸರಿಯಾಗಿ ಓಡಿದರೆ. ಉಳಿದ ಆರು ದಿನ ಹಾಳೆಯೇ ಗುರು. ಹಿಂದಿನವರೇನು ಹಾಳೆಯನ್ನು ಕಡೆಗಣಿಸಿದವರಲ್ಲ. ಸುಬ್ಬರಾಮ ದೀಕ್ಷಿತರು 1904ರಲ್ಲಿ ತೆಲುಗು ಲಿಪಿಯಲ್ಲಿ ಹೊರತಂದ 'ಸಂಗೀತ ಸಂಪ್ರದಾಯ ಪ್ರದರ್ಶಿನಿ'ಯಲ್ಲಿ ಗಮಕಗಳಿಗೂ ಗುರುತುಗಳನ್ನು ಕೊಟ್ಟಿದ್ದಾರೆ. ಗುರುಮುಖದ ಬೆಲೆ ಅವರಿಗೆ ತಿಳಿದಿರಲಿಲ್ಲವೆ? ಇದೇ ಮುಂಬಯಿಯ ವಾಲ್ಕೇಶ್ವರದಲ್ಲಿ 1860ರಲ್ಲಿ ಹುಟ್ಟಿದ ಭಾತಖಂಡೆಯವರು ತಮ್ಮ 'ಕ್ರಮಿಕ ಪುಸ್ತಕ ಮಾಲಿಕೆ'ಯ ಆರು ಭಾಗಗಳಲ್ಲಿ ಸ್ವರ ಎಳೆಯಲು ಅಡ್ಡಗೆರೆ, ಸಾಹಿತ್ಯ ಎಳೆಯಲು ಅವಗ್ರಹ, ಒಂದೇ ಮಾತ್ರೆಯಲ್ಲಿ ಹಲವು ಸ್ವರ ಬಂದರೆ ಕೆಳಗೊಂದು ಕಮಾನು ಎಂದು ಕ್ರಮ ಹಾಕಿಕೊಟ್ಟರು. ಮರಾಠಿ ಬಂಧುಗಳು ಅದನ್ನು ದೇವನಾಗರಿಯಲ್ಲಿ ಇಂದಿಗೂ ಓದುತ್ತಾರೆ. ನಮಗೆ ಮಾತ್ರ ನಮ್ಮದು ಭಾರವಾಯಿತು.

ಪಾಶ್ಚಾತ್ಯ ಸ್ವರಲಿಪಿಯನ್ನು ನಾನು ಹಳಿಯುತ್ತಿಲ್ಲ. ಅದರಲ್ಲಿ ಚಿಹ್ನೆಯ ಆಕಾರವೇ ಕಾಲವನ್ನು ಹೇಳುತ್ತದೆ. ಪಕ್ಕದಲ್ಲೊಂದು ಚುಕ್ಕಿಯಿಟ್ಟರೆ ಸ್ವರ ಅರ್ಧದಷ್ಟು ಬೆಳೆಯುತ್ತದೆ. ಚಿನ್ನಸ್ವಾಮಿ ಮೊದಲಿಯಾರರು ನಮ್ಮ ಕೀರ್ತನೆಗಳನ್ನು ಆ ಲಿಪಿಯಲ್ಲಿ 1893ರಲ್ಲೇ ಪ್ರಕಟಿಸಿದರು. ನಮ್ಮ ಮಕ್ಕಳ ಹಾಳೆಯಲ್ಲಿರುವುದು ಅದೂ ಅಲ್ಲ, ಇದೂ ಅಲ್ಲ.

ಸಾಹಿತ್ಯದ ಮಾತಿಗೆ ಬಂದರೆ ಹೊಟ್ಟೆ ಉರಿಯುತ್ತದೆ. ಇಂಗ್ಲಿಷಿನಲ್ಲಿ ಬರೆದ ದೇವರನಾಮದಲ್ಲಿ 'ಮನ'ವೂ 'ಮಾನ'ವೂ ಒಂದೇ. 'ಹರ'ನೂ 'ಹಾರ'ವೂ ಒಂದೇ. ರಾಗದ ಅಗತ್ಯಕ್ಕೆ ಹ್ರಸ್ವವನ್ನು ಎಳೆದು ಹಾಡುವುದುಂಟು. ಆದರೆ ಎಳೆಯುತ್ತಿರುವುದು ಹ್ರಸ್ವವನ್ನು ಎಂಬ ಅರಿವು ಹಾಡುವವರಿಗಿರಬೇಕು. ಕನ್ನಡದಲ್ಲಿ 'ಮ' ಬರೆದು ಮುಂದೆ ಚುಕ್ಕಿಗಳನ್ನಿಟ್ಟರೆ ಪದವೂ ಉಳಿಯುತ್ತದೆ, ಎಳೆತವೂ ತಿಳಿಯುತ್ತದೆ. ಸ್ಪರ್ಧೆಗಳಲ್ಲಿ ದಾಸರು ಮನವನ್ನು ಬೇಡಿದ ಕಡೆ ಮಾನವನ್ನು ಬೇಡಿದಂತೆ ಕೇಳಿಬಂದರೂ ನಾವು ಚಪ್ಪಾಳೆ ತಟ್ಟಿ ಬಹುಮಾನ ಹಂಚುತ್ತೇವೆ.

ಮಗುವಿಗೆ ಕನ್ನಡ ಬರದೆಂಬ ನೆಪಕ್ಕೆ ನನ್ನ ಉತ್ತರ ಹೀಗಿದೆ. ಸ್ವರಲಿಪಿ ಓದಲು ಇಡೀ ಕನ್ನಡ ವರ್ಣಮಾಲೆ ಬೇಕಾಗಿಲ್ಲ. ಹ್ರಸ್ವ ಏಳು, ದೀರ್ಘ ಏಳು, ಒಟ್ಟು 14 ರೂಪಗಳು. ಎರಡು ಭಾನುವಾರದ ಕೆಲಸ. ಸಂಗೀತದ ನೆಪದಲ್ಲಿ ಆ 14 ಅಕ್ಷರ ಮನೆಯೊಳಗೆ ಬಂದರೆ ಉಳಿದವೂ ಅವುಗಳ ಹಿಂದೆ ಬರುವ ಸಂಭವವಿದೆ. ಅದೂ ಆಗದೆಂದರೆ ದೇವನಾಗರಿಯಲ್ಲಾದರೂ ಬರೆದುಕೊಡಿ. ಇಲ್ಲಿನ ಮಕ್ಕಳು ಶಾಲೆಯಲ್ಲಿ ಅದನ್ನು ಕಲಿತೇ ಇರುತ್ತಾರೆ, ಹ್ರಸ್ವದೀರ್ಘ ಅದರಲ್ಲೂ ಉಳಿಯುತ್ತದೆ. ಕನ್ನಡ ಸಂಘದ ಪತ್ರಿಕೆಯಲ್ಲಿ ಈ ಮಾತು ಬರೆಯಬೇಕಾಗಿ ಬಂದುದಕ್ಕೆ ನನಗೇನೂ ಸಂತೋಷವಿಲ್ಲ.

ಬರುವ ವರ್ಷದ ಗಾಯನ ಸ್ಪರ್ಧೆಯಿಂದಲೇ ನಮ್ಮ ಸಂಘ ಕೊಡುವ ಪಾಠದ ಹಾಳೆಗಳು ಕನ್ನಡದಲ್ಲಿ, ದೀರ್ಘ ಮತ್ತು ಗೆರೆಗಳ ಸಮೇತ ಇರಬೇಕೆಂದು ಕಾರ್ಯಕಾರಿ ಸಮಿತಿ ನಿರ್ಣಯ ಮಾಡಲಿ. ಬರೆದುಕೊಡಲು ಮುತ್ತಿನಂಥ ಕೈಬರಹದ ಹಿರಿಯರು ಸಂಘದಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಅವರನ್ನು ಇದುವರೆಗೆ ಯಾರೂ ಕೇಳಿಲ್ಲ.