ಇಪ್ಪತ್ತು ನಿಮಿಷದಲ್ಲಿ ಮುಗಿದ ವಿಚಾರಣೆ

ಒಬ್ಬರನ್ನ ಕೆಲಸದಿಂದ ತೆಗೀಬೇಕು ಅಂದ್ರೂ ಈಗ ಎಚ್‌ಆರ್ ಜೊತೆ ಎರಡು-ಮೂರು ಮೀಟಿಂಗ್ ಆಗುತ್ತೆ. 1916ರ ಅಕ್ಟೋಬರ್ 2ರಂದು ಫ್ರಾನ್ಸಿನಲ್ಲಿ ಹ್ಯಾರಿ ಫಾರ್ ಅನ್ನೋ 25 ವರ್ಷದ ಬ್ರಿಟಿಷ್ ಸೈನಿಕನಿಗೆ ಮರಣದಂಡನೆ ವಿಧಿಸೋಕೆ ಕೋರ್ಟ್ ಮಾರ್ಷಲ್ ತಗೊಂಡಿದ್ದು ಸುಮಾರು ಇಪ್ಪತ್ತು ನಿಮಿಷ. ಅವನ ಪರ ವಾದ ಮಾಡೋಕೆ ಯಾರೂ ಇರಲಿಲ್ಲ. ತನ್ನ ಮಾತು ತಾನೇ ಆಡಿಕೊಂಡ.

ಆರೋಪ ಹೇಡಿತನದ್ದು. ಮೊದಲ ಮಹಾಯುದ್ಧದ ಸೋಮ್ ಕದನ ನಡೀತಿತ್ತು. ಸೆಪ್ಟೆಂಬರ್ 17ರ ರಾತ್ರಿ ಮುಂಚೂಣಿಗೆ ಹೋಗು ಅಂದಾಗ, ನನ್ನಿಂದ ತಡೆಯೋಕಾಗಲ್ಲ ಅಂದ. ಎಳೆದುಕೊಂಡು ಹೋಗೋಕೆ ನೋಡಿದರೂ ಕಿರುಚಾಡಿ, ಬಿಡಿಸಿಕೊಂಡು ಹಿಂದಕ್ಕೆ ಓಡಿದ.

ಇದೇ ಹುಡುಗ ಹಿಂದಿನ ವರ್ಷ ಐದು ತಿಂಗಳು ಆಸ್ಪತ್ರೆಯಲ್ಲಿದ್ದ. ಕಾಯಿಲೆಯ ಹೆಸರು ಶೆಲ್ ಶಾಕ್. ಫಿರಂಗಿ ಸದ್ದಿನಲ್ಲೇ ಬದುಕಿ ಬದುಕಿ ನರ ಕಿತ್ತುಹೋಗೋ ಸ್ಥಿತಿ. ಕೈ ಎಷ್ಟು ನಡುಗ್ತಿತ್ತು ಅಂದ್ರೆ ಹೆಂಡತಿಗೆ ಕಾಗದವನ್ನ ನರ್ಸ್ ಬರೆದುಕೊಡಬೇಕಿತ್ತು. ಅವನನ್ನ ನೋಡಿದ್ದ ಸೇನಾ ವೈದ್ಯರು ತಾವೇ ಗಾಯಗೊಂಡಿದ್ದರಿಂದ ಸಾಕ್ಷಿಗೆ ಬರಲಿಲ್ಲ. ವಿಚಾರಣೆಯೇನೂ ಅವರಿಗಾಗಿ ಕಾಯಲಿಲ್ಲ. ಗುಂಡಿನ ಸುರಿಮಳೆಯ ನಡುವೆ ಬಿಟ್ಟರೆ ಇವನ ನಡತೆ ತುಂಬಾ ಒಳ್ಳೇದು ಅಂತ ಅವನ ಮೇಲಧಿಕಾರಿಯೊಬ್ಬರು ಬರೆದದ್ದೂ ಕಡತದಲ್ಲಿದೆ. ಅಕ್ಟೋಬರ್ 16ರ ಬೆಳಗಿನ ಜಾವ ಅವನನ್ನ ಗುಂಡಿಕ್ಕಿ ಕೊಂದರು.

ಆ ಯುದ್ಧದಲ್ಲಿ ಬ್ರಿಟಿಷ್ ಸೇನೆಯ ಕೋರ್ಟ್ ಮಾರ್ಷಲ್‌ಗಳು ಮೂರು ಸಾವಿರಕ್ಕೂ ಹೆಚ್ಚು ಮರಣದಂಡನೆ ವಿಧಿಸಿದವು. ಜಾರಿಯಾದದ್ದು 346. ಹತ್ತರಲ್ಲಿ ಒಂಬತ್ತು ಜನ ಉಳಿದುಕೊಂಡರು ಅಂದಮೇಲೆ ಉಳಿದೊಬ್ಬನ ಗತಿ ಯಾಕೆ ಹಾಗಾಯ್ತು? ನನಗೆ ಕಾಡೋ ಪ್ರಶ್ನೆ ಇದೇ. ಪ್ರತಿ ಕಡತವೂ ಅಧಿಕಾರಿಯಿಂದ ಅಧಿಕಾರಿಗೆ ಮೇಲೇರುತ್ತಾ ಕೊನೆಗೆ ಪ್ರಧಾನ ಸೇನಾಪತಿಯ ಮೇಜಿಗೆ ಹೋಗ್ತಿತ್ತು. ದಾರಿಯಲ್ಲಿ ಕೇಳ್ತಿದ್ದದ್ದು ಏನು ಗೊತ್ತಾ? ಇವನು ಹೋರಾಟಕ್ಕೆ ಉಪಯೋಗ ಇದ್ದಾನಾ, ಇವನ ದಳದಲ್ಲಿ ಶಿಸ್ತು ಹೇಗಿದೆ. ಅಂದ್ರೆ, ಪಕ್ಕದವರಿಗೆ ಪಾಠ ಬೇಕಾಗಿದ್ದ ದಿನ ಸಿಕ್ಕಿಬಿದ್ದವನ ಹಣೆಬರಹ ಕೆಟ್ಟಿತ್ತು. ಇದೇ ಯುದ್ಧಕ್ಕೆ ಬಂದ ಆಸ್ಟ್ರೇಲಿಯನ್ನರಲ್ಲಿ ನೂರಕ್ಕೂ ಹೆಚ್ಚು ಜನರಿಗೆ ಮರಣದಂಡನೆ ಆದರೂ ಒಬ್ಬರನ್ನೂ ಕೊಲ್ಲಲಿಲ್ಲ. ಅವರ 1903ರ ರಕ್ಷಣಾ ಕಾಯ್ದೆ ಪ್ರಕಾರ ಅಂಥ ಶಿಕ್ಷೆಗೆ ಗವರ್ನರ್ ಜನರಲ್ ಒಪ್ಪಿಗೆ ಬೇಕಿತ್ತು, ಅದು ಸಿಗಲಿಲ್ಲ. ಹಾಗಂತ ಅವರೇನು ಕಳಪೆ ಸೈನಿಕರಾಗಲಿಲ್ಲ.

ಫಾರ್ ಹೆಂಡತಿ ಗರ್ಟ್ರೂಡ್‌ಗೆ ಬಂದದ್ದು ಒಂದು ಚಿಕ್ಕ ಪತ್ರ. ಓದಿದವಳೇ ಯಾರಿಗೂ ಕಾಣದ ಹಾಗೆ ಎದೆಯೊಳಗೆ ತುರುಕಿಕೊಂಡಳು. ಆಮೇಲೆ ಪಿಂಚಣಿ ನಿಂತಿತು, ಮನೆಯೂ ಹೋಯ್ತು, ಕೈಯಲ್ಲಿ ಮೂರು ವರ್ಷದ ಮಗು. ಗುಂಡು ತಗುಲಿದ್ದು ಒಬ್ಬನಿಗೆ, ಶಿಕ್ಷೆ ಮಾತ್ರ ಮೂವರಿಗೆ. ಮಗಳಿಗೆ ಅಪ್ಪ ಹೇಗೆ ಸತ್ತ ಅಂತ ಗೊತ್ತಾದದ್ದೇ ನಡುವಯಸ್ಸಿನಲ್ಲಿ. ಆಮೇಲೆ ಆ ಮಗಳೇ ಕೋರ್ಟಿನವರೆಗೂ ಹೋದರು.

ಹೇಡಿತನಕ್ಕೆ, ಸೇನೆ ಬಿಟ್ಟು ಓಡಿದ್ದಕ್ಕೆ ಮರಣದಂಡನೆಯನ್ನ ಬ್ರಿಟನ್ 1930ರಲ್ಲಿ ತೆಗೆದುಹಾಕಿತು. 2006ರಲ್ಲಿ ಫಾರ್ ಸೇರಿ 306 ಮಂದಿಗೆ ಸಂಸತ್ತು ಕಾನೂನಿನ ಮೂಲಕ ಕ್ಷಮಾದಾನ ಕೊಟ್ಟಿತು. ಇಂಡಿಯನ್ ಆರ್ಮಿ ಆಕ್ಟ್ 1911ರ ಅಡಿ ಕೊಲ್ಲಲಾದ ನಮ್ಮ ಕಡೆಯ ಸೈನಿಕರನ್ನೂ ಆ ಸೆಕ್ಷನ್ ಒಳಗೊಳ್ಳುತ್ತೆ. ಆದರೆ ಅದರೊಳಗೇ ಒಂದು ಸಾಲಿದೆ, ವಕೀಲರು ಬರೆದದ್ದು ಅಂತ ತಕ್ಷಣ ಗೊತ್ತಾಗುತ್ತೆ: ಈ ಕ್ಷಮಾದಾನದಿಂದ ಅಪರಾಧದ ತೀರ್ಪಾಗಲಿ, ಶಿಕ್ಷೆಯಾಗಲಿ ಬದಲಾಗೋದಿಲ್ಲ. ಅಂದ್ರೆ ಕಡತದಲ್ಲಿ ಹ್ಯಾರಿ ಫಾರ್ ಇವತ್ತಿಗೂ ಹೇಡಿಯೇ. ಅಂಥ ಸಾವು ಬರಬಾರದಿತ್ತು ಅಂತ ಮಾತ್ರ ಸರ್ಕಾರ ಒಪ್ಪಿಕೊಂಡಿದೆ.

ನಮ್ಮ ಸೇನಾ ಕಾಯ್ದೆ 1950ರದ್ದು. ಅದರ 34ನೇ ಸೆಕ್ಷನ್‌ನಲ್ಲಿ, ಶತ್ರುವಿನ ಎದುರು ಹೇಡಿತನ ತೋರಿದರೆ ಮರಣದಂಡನೆವರೆಗೂ ಕೊಡಬಹುದು ಅಂತ ಇದೆ. ಬದಲಾಗಿದ್ದು ಬೇರೆ ಕಡೆ. 2007ರ ಕಾಯ್ದೆಯಿಂದ ಬಂದ ಸಶಸ್ತ್ರ ಪಡೆಗಳ ನ್ಯಾಯಮಂಡಳಿಗೆ ಈಗ ಸೈನಿಕ ಮೇಲ್ಮನವಿ ಹಾಕಬಹುದು, ವಕೀಲರನ್ನೂ ಇಟ್ಟುಕೊಳ್ಳಬಹುದು. ಫಾರ್‌ಗೆ ಆ ಎರಡೂ ಇರಲಿಲ್ಲ.