ಒಂದೇ ತೋಟ, ಮೂರು ಜಿಲ್ಲೆ: ಕಾಸರಗೋಡು ಲೋಕಸಭಾ ಕ್ಷೇತ್ರದ ಗಡಿಗಳ ಕುರಿತು

ಕಳೆದ ತಿಂಗಳು ದೇಲಂಪಾಡಿ ಕಡೆಯ ಹಿರಿಯ ಕೃಷಿಕರೊಬ್ಬರು ತಮ್ಮ ಅಡಿಕೆ ತೋಟದ ಪಾಲುಪಟ್ಟಿ ಮಾಡಿಸಲು ನನ್ನ ಕಚೇರಿಗೆ ಬಂದಿದ್ದರು. ಅವರು ತಂದ ಕಾಗದಗಳ ಕಟ್ಟಿನಲ್ಲಿ ಮೂರು ತಲೆಮಾರಿನ ಮೂರು ದಸ್ತಾವೇಜುಗಳಿದ್ದವು. ಅಜ್ಜನ ಕಾಲದ್ದರಲ್ಲಿ ಸೊತ್ತು ಇರುವುದು ದಕ್ಷಿಣ ಕನ್ನಡ ಜಿಲ್ಲೆಯ ಕಾಸರಗೋಡು ತಾಲೂಕಿನಲ್ಲಿ. ತಂದೆಯ ಕಾಲದ್ದರಲ್ಲಿ ಅದೇ ಸೊತ್ತು ಕಣ್ಣಾನೂರು ಜಿಲ್ಲೆಯಲ್ಲಿ. ಅವರದೇ ಹೆಸರಿನ ಮೂರನೆಯದರಲ್ಲಿ ಕಾಸರಗೋಡು ಜಿಲ್ಲೆಯಲ್ಲಿ. ಮೊದಲನೆಯದು ಮೋಡಿ ಹತ್ತಿದ ಕನ್ನಡ ಕೈಬರಹ, ಕೊನೆಯದು ಮಲಯಾಳ. ಚೆಕ್ಕುಬಂದಿಯ ತೋಡು, ಗುಡ್ಡ, ಕಟ್ಟಪುಣಿ ಮಾತ್ರ ಮೂರರಲ್ಲಿಯೂ ಒಂದೇ. ಕಾಗದ ಕಟ್ಟುತ್ತಾ ಅವರು ಕೇಳಿದರು: "ವಕೀಲರೇ, ತೋಟ ಕದಲಲಿಲ್ಲ ಸರಿ. ನಮ್ಮ ಮತ ಎಲ್ಲಿಂದ ಎಲ್ಲಿಗೆ ಹೋಯಿತು?"

ಅಂದು ನಾನು ಕೊಟ್ಟ ಉತ್ತರ ಅರೆಬರೆಯದು. ಇಲ್ಲಿ ಅದನ್ನು ಪೂರ್ತಿಗೊಳಿಸುತ್ತಿದ್ದೇನೆ.

1952ರ ಮೊದಲ ಮಹಾಚುನಾವಣೆಯಲ್ಲಿ ನಮ್ಮ ತಾಲೂಕು ಮದ್ರಾಸು ರಾಜ್ಯಕ್ಕೆ ಸೇರಿದ ದಕ್ಷಿಣ ಕನ್ನಡ ಜಿಲ್ಲೆಯ ಭಾಗವಾಗಿತ್ತು. ಜಿಲ್ಲೆಯ ಹೆಸರಿನಲ್ಲಿ ಉತ್ತರ, ದಕ್ಷಿಣ ಎಂದು ಎರಡು ಲೋಕಸಭಾ ಕ್ಷೇತ್ರಗಳಿದ್ದವು. ಉತ್ತರದಿಂದ ಉಳ್ಳಾಲ ಶ್ರೀನಿವಾಸ ಮಲ್ಯರು, ದಕ್ಷಿಣದಿಂದ ಬೆನಗಲ್ ಶಿವರಾಯರು ಆಯ್ಕೆಯಾದರು. ಶಿವರಾಯರು ಸಂವಿಧಾನ ಸಭೆಯ ಸದಸ್ಯರು. ಆ ಸಭೆಗೆ ಕಾನೂನು ಸಲಹೆಗಾರರಾಗಿದ್ದ ಬೆನಗಲ್ ನರಸಿಂಗರಾಯರ ಸಹೋದರರು. ನಾಲ್ಕು ವರ್ಷಗಳ ತರುವಾಯ ರಾಜ್ಯ ಪುನರ್ವಿಂಗಡಣಾ ಕಾಯಿದೆ ಬಂತು. ಅದರ 5ನೆಯ ಕಲಮು ಕೇರಳವನ್ನು ರಚಿಸುವಾಗ ತಿರುವಾಂಕೂರು-ಕೊಚ್ಚಿಯ ಭಾಗಗಳನ್ನೂ ಮಲಬಾರು ಜಿಲ್ಲೆಯನ್ನೂ ಹೆಸರಿಸಿ, ಅವುಗಳೊಡನೆ ದಕ್ಷಿಣ ಕನ್ನಡ ಜಿಲ್ಲೆಯ ಕಾಸರಗೋಡು ತಾಲೂಕನ್ನು ಇರಿಸಿತು. ಅತ್ತ ಮೈಸೂರು ರಾಜ್ಯವನ್ನು ವಿವರಿಸುವ ಕಲಮಿನಲ್ಲಿ ದಕ್ಷಿಣ ಕನ್ನಡದ ಹೆಸರು ಬಂದಾಗ ಕಾಸರಗೋಡು ತಾಲೂಕನ್ನು "ಹೊರತುಪಡಿಸಿ" ಎಂದಾಯಿತು. ಇಲ್ಲಿ ಸೇರಿಸಿ, ಅಲ್ಲಿ ಹೊರತುಪಡಿಸಿ: ನಮ್ಮ ಎಪ್ಪತ್ತು ವರ್ಷಗಳ ಚುನಾವಣಾ ಚರಿತ್ರೆಯೆಲ್ಲ ಈ ಎರಡು ಕಲಮುಗಳ ನಡುವೆ ಹುಟ್ಟಿದ್ದು.

1957ರಲ್ಲಿ ಕಾಸರಗೋಡು ಎಂಬ ಹೆಸರಿನ ಲೋಕಸಭಾ ಕ್ಷೇತ್ರ ಅಸ್ತಿತ್ವಕ್ಕೆ ಬಂತು. ಅದರ ಮೊದಲ ಪ್ರತಿನಿಧಿ ಎ. ಕೆ. ಗೋಪಾಲನ್. ಅವರು ಕಣ್ಣಾನೂರು ಕಡೆಯವರು. 1952ರಲ್ಲಿ ಕಣ್ಣಾನೂರಿನಿಂದಲೇ ಗೆದ್ದು ಬಂದವರು. 1957, 1962, 1967, ಹೀಗೆ ಮೂರು ಬಾರಿ ಅವರು ಇಲ್ಲಿಂದ ದಿಲ್ಲಿಗೆ ಹೋದರು. ಅವರ ರಾಜಕೀಯವನ್ನು ಒಪ್ಪದವರೂ ಅವರ ಸಂಸದೀಯ ಸಾಮರ್ಥ್ಯವನ್ನು ಅಲ್ಲಗಳೆಯಲಾರರು. ನಾನು ಗಮನ ಸೆಳೆಯಬಯಸುವುದು ಬೇರೊಂದು ಸಂಗತಿಯತ್ತ. ಅದೇ 1957ರಲ್ಲಿ ಮಂಜೇಶ್ವರ ವಿಧಾನಸಭಾ ಕ್ಷೇತ್ರದಿಂದ ಎಂ. ಉಮೇಶ ರಾಯರು ಪಕ್ಷೇತರರಾಗಿ ಅವಿರೋಧವಾಗಿ ಆಯ್ಕೆಯಾದರು. ಎದುರು ನಿಲ್ಲುವವರೇ ಇರಲಿಲ್ಲ! ಅನಂತರ ಕೆ. ಮಹಾಬಲ ಭಂಡಾರಿಯವರು 1960ರಿಂದ ಸತತವಾಗಿ ಗೆದ್ದರು. 1967ರಲ್ಲಿ ಮಂಜೇಶ್ವರದಿಂದ ಭಂಡಾರಿಯವರೂ ಕಾಸರಗೋಡಿನಿಂದ ಯು. ಪಿ. ಕುಣಿಕುಳ್ಳಾಯರೂ ಪಕ್ಷೇತರರಾಗಿ ವಿಧಾನಸಭೆಗೆ ಹೋದರು. ಆ ಗೆಲುವುಗಳ ಹಿಂದೆ ವಿಲೀನೀಕರಣದ ಹೋರಾಟವಿತ್ತು. ಉತ್ತರದ ಎರಡೂ ವಿಧಾನಸಭಾ ಸ್ಥಾನಗಳು ಕನ್ನಡದ ಪಕ್ಷೇತರರಿಗೆ ಒಲಿದ ಚುನಾವಣೆಯಲ್ಲಿಯೇ ಅದೇ ನೆಲವನ್ನೊಳಗೊಂಡ ಲೋಕಸಭಾ ಸ್ಥಾನ ಗೋಪಾಲನರದಾಯಿತು. ಅದೇ ವರ್ಷ ಮಹಾಜನ ಆಯೋಗ ಚಂದ್ರಗಿರಿ ಹೊಳೆಯಿಂದ ಉತ್ತರದ ಪ್ರದೇಶವನ್ನು ಮೈಸೂರಿಗೆ ಸೇರಿಸಬೇಕೆಂದು ಶಿಫಾರಸು ಮಾಡಿತು. ಆ ಶಿಫಾರಸು ಕಾಗದದಲ್ಲಿಯೇ ಉಳಿದುದು ಎಲ್ಲರಿಗೂ ಗೊತ್ತು.

ಇದನ್ನು ಸಂಚು ಎನ್ನುವವರಿದ್ದಾರೆ. ಯೌವನದಲ್ಲಿ ನಾನೂ ಹಾಗೆಯೇ ಅನ್ನುತ್ತಿದ್ದೆ. ಈಗ ಭೂಪಟವನ್ನು ಮುಂದಿಟ್ಟುಕೊಂಡು ನೋಡಿದರೆ, ಕ್ಷೇತ್ರ ವಿಂಗಡಣೆಯ ಮಟ್ಟಿಗೆ ಸಂಚಿಗಿಂತ ಹೆಚ್ಚು ಗಣಿತವೇ ಕಾಣುತ್ತದೆ. ಕೇರಳದಲ್ಲಿ ವಿಧಾನಸಭಾ ಸ್ಥಾನಗಳು 140, ಲೋಕಸಭಾ ಸ್ಥಾನಗಳು 20. ಆದುದರಿಂದ ಒಂದು ಲೋಕಸಭಾ ಕ್ಷೇತ್ರಕ್ಕೆ ಏಳು ವಿಧಾನಸಭಾ ಕ್ಷೇತ್ರಗಳು. ನಮ್ಮ ಜಿಲ್ಲೆಯಲ್ಲಿ ಇರುವುದು ಐದೇ: ಮಂಜೇಶ್ವರ, ಕಾಸರಗೋಡು, ಉದುಮ, ಕಾಞಂಗಾಡ್, ತೃಕ್ಕರಿಪುರ. ಉಳಿದೆರಡನ್ನು ಎಲ್ಲಿಂದ ತರುವುದು? ಪಡುವಣದಲ್ಲಿ ಕಡಲು. ಬಡಗಣದಲ್ಲಿ, ಮೂಡಣದಲ್ಲಿ 1956ರ ರಾಜ್ಯದ ಗಡಿ. ತೆರೆದಿರುವುದು ತೆಂಕಣ ಬಾಗಿಲೊಂದೇ. ಅಲ್ಲಿಂದ ಕಣ್ಣೂರು ಜಿಲ್ಲೆಯ ಪಯ್ಯನ್ನೂರು ಹಾಗೂ ಕಲ್ಯಾಶ್ಶೇರಿ ಬಂದಿವೆ. ತಲಪಾಡಿಯ ಆಚೆಗೆ ನಾಲ್ಕು ಹೆಜ್ಜೆ ಇಟ್ಟರೆ ಸಿಗುವ ಕನ್ನಡ, ತುಳು ಮತದಾರ ನಮ್ಮ ಕ್ಷೇತ್ರಕ್ಕೆ ಸೇರುವಂತಿಲ್ಲ. ಹೀಗಾಗಿ ಕನ್ನಡದ ನೆಲೆಯೆಂದು ಹೇಳಬಹುದಾದ ವಿಧಾನಸಭಾ ಕ್ಷೇತ್ರಗಳು ಏಳರಲ್ಲಿ ಹೆಚ್ಚೆಂದರೆ ಎರಡು, ಅದೂ ಭಾಗಶಃ.

ಹಾಗಿದ್ದರೂ ಕನ್ನಡಿಗರು ಇಲ್ಲಿಂದ ಲೋಕಸಭೆಗೆ ಹೋಗಿಲ್ಲವೇ? ಹೋಗಿದ್ದಾರೆ. 1971ರಲ್ಲಿ ಕಾಂಗ್ರೆಸ್ಸಿನ ಯುವಕ ರಾಮಚಂದ್ರನ್ ಕಡನ್ನಪ್ಪಳ್ಳಿ, ಇ. ಕೆ. ನಾಯನಾರರನ್ನು ಸೋಲಿಸಿ ಅಚ್ಚರಿ ಹುಟ್ಟಿಸಿದರು, 1977ರಲ್ಲಿಯೂ ಅವರೇ. ಬಳಿಕ 1980ರಲ್ಲಿ ಮಾರ್ಕ್ಸ್‌ವಾದಿ ಪಕ್ಷದ ಎಂ. ರಾಮಣ್ಣ ರೈ, 1984ರಲ್ಲಿ ಕಾಂಗ್ರೆಸ್ಸಿನ ಐ. ರಾಮ ರೈ, 1989 ಮತ್ತು 1991ರಲ್ಲಿ ಮತ್ತೆ ರಾಮಣ್ಣ ರೈ. ಹದಿನಾರು ವರ್ಷಗಳ ಕಾಲ ಈ ಕ್ಷೇತ್ರವನ್ನು ನಮ್ಮ ಭಾಷೆ ಬಲ್ಲವರೇ ಪ್ರತಿನಿಧಿಸಿದರು. ಆ ಅವಧಿಯಲ್ಲಿ ಗಡಿ ನಮ್ಮ ಪರವಾಗಿ ಸರಿದಿರಲಿಲ್ಲ. ಎರಡು ದೊಡ್ಡ ಪಕ್ಷಗಳಿಗೂ ಉತ್ತರದ ಒಬ್ಬನನ್ನು ನಿಲ್ಲಿಸುವುದು ಲಾಭಕರ ಎನ್ನಿಸಿತ್ತು, ಅಷ್ಟೆ. 1996ರಿಂದ ಟಿ. ಗೋವಿಂದನ್ ಮೂರು ಬಾರಿ, 2004ರಿಂದ ಪಿ. ಕರುಣಾಕರನ್ ಮೂರು ಬಾರಿ, 2019 ಹಾಗೂ 2024ರಲ್ಲಿ ಕೊಲ್ಲಂ ಕಡೆಯ ರಾಜಮೋಹನ್ ಉಣ್ಣಿತ್ತಾನ್. ಆ ಲಾಭದ ಲೆಕ್ಕ ಪಕ್ಷಗಳ ಕಚೇರಿಯಲ್ಲಿ ಎಂದು ಬದಲಾಯಿತೆಂಬುದನ್ನು ನಾವು ಗಮನಿಸಲೇ ಇಲ್ಲ. 2014ರಲ್ಲಿ ಕರುಣಾಕರನ್ ಗೆದ್ದ ಅಂತರ 6,921. ನಮ್ಮ ಒಂದು ಪಂಚಾಯತಿನ ಮತದಾರರ ಸಂಖ್ಯೆ ಅದಕ್ಕಿಂತ ಹೆಚ್ಚು. ಅಂಥ ಚುನಾವಣೆಯಲ್ಲಿಯೂ ನಮ್ಮನ್ನು ಕೇಳುವವರಿರಲಿಲ್ಲವೆಂದರೆ, ದೋಷದ ಒಂದು ಪಾಲು ನಮ್ಮದೂ ಹೌದು.

ಇನ್ನು 2008ರಲ್ಲಿ ಜಾರಿಗೆ ಬಂದ ಕ್ಷೇತ್ರ ಪುನರ್ವಿಂಗಡಣೆಯ ವಿಚಾರ. ನ್ಯಾಯಮೂರ್ತಿ ಕುಲದೀಪ್ ಸಿಂಗ್ ಅಧ್ಯಕ್ಷತೆಯ ಆಯೋಗ 2001ರ ಜನಗಣತಿಯ ಆಧಾರದಲ್ಲಿ ಗೆರೆ ಎಳೆಯಿತು. ಆಗ ನಮ್ಮಲ್ಲಿ ನಡೆದ ಒಂದು ಬದಲಾವಣೆಯ ಕುರಿತು ಆಗಬೇಕಾದಷ್ಟು ಚರ್ಚೆ ಆಗಲಿಲ್ಲ. ಹೊಸದುರ್ಗ ಎಂಬ ವಿಧಾನಸಭಾ ಕ್ಷೇತ್ರ ಹೋಗಿ ಕಾಞಂಗಾಡ್ ಬಂತು. ಪರಿಶಿಷ್ಟ ಜಾತಿಯ ಮೀಸಲಾತಿ ಅಲ್ಲಿಂದ ತೆರವಾಯಿತು. ಅದಕ್ಕೆ ಜನಸಂಖ್ಯೆಯ ಲೆಕ್ಕವಿದೆ. ಹೆಸರು ಬದಲಾಗುವುದಕ್ಕೆ ಯಾವ ಲೆಕ್ಕ? ಹೊಸದುರ್ಗ ಎಂದರೆ ಹೊಸ ಕೋಟೆ, ಇಕ್ಕೇರಿಯ ನಾಯಕರ ಕಾಲದ ಕೋಟೆ. ತಾಲೂಕಿನ ಹೆಸರು ಇಂದಿಗೂ ಹೊಸದುರ್ಗವೇ, ಅಲ್ಲಿಯ ನ್ಯಾಯಾಲಯದ ಫಲಕದಲ್ಲಿಯೂ ಅದೇ. ಚುನಾವಣೆಯ ನಕ್ಷೆಯಿಂದ ಮಾತ್ರ ಒಂದು ಕನ್ನಡ ಹೆಸರು ಅಳಿಸಿಹೋಯಿತು.

ನನ್ನ ಕಕ್ಷಿಗಾರರ ಪಂಚಾಯತಿನ ಸಂಗತಿ ಇದಕ್ಕಿಂತ ಗಂಭೀರವಾದುದು. ಬೆಳ್ಳೂರು, ಕುಂಬಡಾಜೆ, ಬದಿಯಡ್ಕ, ಕಾರಡ್ಕ ಪಂಚಾಯತುಗಳು ಕಾಸರಗೋಡು ಕ್ಷೇತ್ರದಲ್ಲಿವೆ. ಅವುಗಳ ನೆರೆಯ ದೇಲಂಪಾಡಿ, ಮುಳಿಯಾರುಗಳು ಉದುಮ ಕ್ಷೇತ್ರದಲ್ಲಿವೆ. ಪಳ್ಳಿಕ್ಕರೆ, ಪುಲ್ಲೂರು-ಪೆರಿಯಗಳ ಜೊತೆಯಲ್ಲಿ. ದೇಲಂಪಾಡಿಯವನ ಪೇಟೆ, ಮದುವೆಯ ಸಂಬಂಧ, ಯಕ್ಷಗಾನ ಮೇಳ ಎಲ್ಲವೂ ಒಂದು ದಿಕ್ಕಿನಲ್ಲಿ, ಶಾಸಕನ ಕಚೇರಿ ಇನ್ನೊಂದು ದಿಕ್ಕಿನಲ್ಲಿ.

ಇದನ್ನು ಪ್ರಶ್ನಿಸಬಹುದೇ? ಸಂವಿಧಾನದ 329ನೆಯ ವಿಧಿಯ (ಎ) ಖಂಡವು ಕ್ಷೇತ್ರ ವಿಂಗಡಣೆಯ ಕಾನೂನಿನ ಸಿಂಧುತ್ವವನ್ನು ನ್ಯಾಯಾಲಯಗಳಲ್ಲಿ ಪ್ರಶ್ನಿಸುವುದನ್ನು ತಡೆಯುತ್ತದೆ. ಪ್ರಕಟವಾದ ಆಯೋಗದ ಆದೇಶಕ್ಕೂ ಇದೇ ರಕ್ಷಣೆಯೆಂದು ಮೇಘರಾಜ್ ಕೊಠಾರಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ 1966ರಲ್ಲಿಯೇ ಹೇಳಿದೆ. 2024ರಲ್ಲಿ ಕಿಶೋರಚಂದ್ರ ರಾಠೋಡ್ ಪ್ರಕರಣದಲ್ಲಿ ಅದೇ ನ್ಯಾಯಾಲಯ, ಆದೇಶವು ಸ್ಪಷ್ಟವಾಗಿ ಸ್ವೇಚ್ಛಾಚಾರದ್ದಾಗಿದ್ದರೆ ನ್ಯಾಯಾಲಯದ ಬಾಗಿಲು ಪೂರ್ತಿ ಮುಚ್ಚಿಲ್ಲವೆಂದಿತು. ಕಿರಿದಾಗಿ ತೆರೆದ ಆ ಬಾಗಿಲನ್ನು ನಂಬಿ ಕೂರುವಂತೆ ನನ್ನ ಕಕ್ಷಿಗಾರರಿಗೆ ನಾನು ಸಲಹೆ ಕೊಡಲಾರೆ. ಮಾತನಾಡಬೇಕಾದ ಸಮಯ ಆದೇಶಕ್ಕೆ ಮುಂಚಿನದು. 2002ರ ಕ್ಷೇತ್ರ ಪುನರ್ವಿಂಗಡಣಾ ಕಾಯಿದೆಯ 9ನೆಯ ಕಲಮಿನಂತೆ ಆಯೋಗ ತನ್ನ ಪ್ರಸ್ತಾಪಗಳನ್ನು ಮೊದಲು ಪ್ರಕಟಿಸಬೇಕು, ಆಕ್ಷೇಪಗಳಿಗೆ ಗಡುವು ಕೊಡಬೇಕು, ಬಹಿರಂಗ ಅಧಿವೇಶನ ನಡೆಸಬೇಕು. ಗೆರೆ ಎಳೆಯುವಾಗ ಗಮನಿಸಬೇಕಾದುವು ಭೌಗೋಳಿಕ ಲಕ್ಷಣಗಳು, ಆಡಳಿತ ಘಟಕಗಳ ಗಡಿ, ಸಂಪರ್ಕ ಸೌಕರ್ಯ ಹಾಗೂ ಸಾರ್ವಜನಿಕ ಅನುಕೂಲ. ಈ ಪಟ್ಟಿಯಲ್ಲಿ ಭಾಷೆ ಇಲ್ಲ. "ನಾವು ಕನ್ನಡಿಗರು, ನಮ್ಮನ್ನು ಒಂದೆಡೆ ಇರಿಸಿ" ಎಂಬ ಮನವಿಗೆ ಆ ಕಲಮಿನಲ್ಲಿ ನೇರ ಆಧಾರ ಸಿಗದು. ಆದರೆ ದೇಲಂಪಾಡಿ ಮತ್ತು ಮುಳಿಯಾರುಗಳು ಕಾಸರಗೋಡು ತಾಲೂಕಿಗೆ ಸೇರಿವೆ, ಅಲ್ಲಿಯ ಜನ ಬಸ್ಸು ಹತ್ತಿ ಹೋಗುವುದು ಎಲ್ಲಿಗೆ, ಕಡತ ಹಿಡಿದು ಹೋಗುವುದು ಎಲ್ಲಿಗೆ ಎಂದು ದಾಖಲೆ ಸಹಿತ ತೋರಿಸಿದರೆ, ಅದು ಆ ಪಟ್ಟಿಯೊಳಗಿನ ವಾದ. ಭಾಷೆಯನ್ನು ಉಳಿಸಬೇಕಾದಲ್ಲಿಯೂ ವಾದವನ್ನು ರಸ್ತೆ ಮತ್ತು ತಾಲೂಕಿನ ಹೆಸರಿನಲ್ಲಿ ಮಂಡಿಸಬೇಕಾಗುತ್ತದೆ. ವಕೀಲರಿಗೆ ಇದು ಹೊಸತಲ್ಲ.

ಸಮಯ ದೂರವಿಲ್ಲ. 84ನೆಯ ತಿದ್ದುಪಡಿ ಕ್ಷೇತ್ರಗಳ ಹೊಸ ಹಂಚಿಕೆಯನ್ನು 2026ರ ಅನಂತರದ ಮೊದಲ ಜನಗಣತಿಯ ಅಂಕಿಗಳು ಪ್ರಕಟವಾಗುವವರೆಗೆ ತಡೆಹಿಡಿದಿತ್ತು. ಮುಂದಿನ ಜನಗಣತಿಗೆ 2027ರ ಮಾರ್ಚ್ 1ನ್ನು ಗಣನೆಯ ದಿನವಾಗಿ ಗೊತ್ತುಪಡಿಸಲಾಗಿದೆ. ಮುಂದಿನ ವಿಂಗಡಣೆಗೆ ಹೊಸ ಕಾಯಿದೆ ಬೇಕು. ಅದರಲ್ಲಿ ಆಕ್ಷೇಪದ ಅವಕಾಶ ಹೇಗಿರುವುದೋ ನೋಡಬೇಕು.

ಅದಕ್ಕೂ ಮೊದಲು ಗಣತಿದಾರರು ಮನೆಗೆ ಬರುತ್ತಾರೆ. ಮಾತೃಭಾಷೆ ಯಾವುದೆಂದು ಕೇಳಿದರೆ ನಮ್ಮಲ್ಲಿ ಅನೇಕರ ಉತ್ತರ ತುಳು, ಕೊಂಕಣಿ, ಮರಾಠಿ, ಬ್ಯಾರಿ ಎಂದಿರುತ್ತದೆ. ಅದು ಸತ್ಯ, ಸತ್ಯವನ್ನೇ ಬರೆಸತಕ್ಕದ್ದು. ಆದರೆ ಅವರ ಶಾಲೆ, ಪತ್ರಿಕೆ, ಪತ್ರವ್ಯವಹಾರ ಎಲ್ಲವೂ ಕನ್ನಡದಲ್ಲಿ. ಹಿಂದಿನ ಗಣತಿಯ ನಮೂನೆಯಲ್ಲಿ "ತಿಳಿದಿರುವ ಇತರ ಭಾಷೆಗಳು" ಎಂಬ ಅಂಕಣವಿತ್ತು. ಈ ಬಾರಿಯೂ ಆ ಪ್ರಶ್ನೆ ಬಂದರೆ ಕನ್ನಡದ ಹೆಸರನ್ನು ಮೊದಲು ಹೇಳಲು ಮರೆಯಬಾರದು. ಒಂದು ಕ್ಷೇತ್ರದಲ್ಲಿ ಯಾ ಅದರ ಭಾಗದಲ್ಲಿ ಭಾಷಾ ಅಲ್ಪಸಂಖ್ಯಾತರು ಶೇಕಡಾ 20ರಷ್ಟಿದ್ದರೆ ಮತದಾರರ ಪಟ್ಟಿಯನ್ನು ಆ ಭಾಷೆಯಲ್ಲಿಯೂ ಪ್ರಕಟಿಸಬೇಕೆಂಬುದು ಚುನಾವಣಾ ಆಯೋಗದ ಸೂಚನೆ. ಎಣಿಕೆಯಲ್ಲಿ ಕನ್ನಡ ಕಾಣದಿದ್ದರೆ ಪಟ್ಟಿಯಲ್ಲಿ ಕನ್ನಡ ಉಳಿಯುವುದಕ್ಕೆ ಆಧಾರವೂ ಸಡಿಲವಾಗುತ್ತದೆ.

ವಿಧಾನಸಭಾ ಕ್ಷೇತ್ರದ ಗೆರೆಗೆ ಇಷ್ಟು ಮಹತ್ತ್ವ ಏಕೆಂದು ಕೇಳುವವರಿಗೆ ಮಂಜೇಶ್ವರವನ್ನು ತೋರಿಸುತ್ತೇನೆ. ಅಲ್ಲಿ 2016ರ ಫಲಿತಾಂಶ ನಿರ್ಧಾರವಾದುದು 89 ಮತಗಳಿಂದ, 2021ರದು 745 ಮತಗಳಿಂದ. 2021ರಲ್ಲಿ ಗೆದ್ದ ಮುಸ್ಲಿಂ ಲೀಗಿನ ಎ. ಕೆ. ಎಂ. ಅಶ್ರಫ್ ತಿರುವನಂತಪುರದ ಸಭಾಂಗಣದಲ್ಲಿ ಕನ್ನಡದಲ್ಲಿ ಪ್ರಮಾಣವಚನ ಸ್ವೀಕರಿಸಿದರು. ಯಾವ ಪಕ್ಷ ಗೆದ್ದರೂ ಅಲ್ಲಿ ಕನ್ನಡವನ್ನು ಬದಿಗಿರಿಸಿ ರಾಜಕೀಯ ಮಾಡುವುದು ಕಷ್ಟ. ಏಳು ಕ್ಷೇತ್ರಗಳ ಲೋಕಸಭಾ ಸ್ಥಾನದಲ್ಲಿ ಆ ಬಲ ನಮಗೆ ಇಲ್ಲ. ಹೊಸ ವಿಂಗಡಣೆಯಿಂದ ಬರುವುದೂ ಇಲ್ಲ. ಇರುವ ಎರಡರ ಅಂಚುಗಳನ್ನು ಕಾಯುವುದು, ಸಾಧ್ಯವಾದರೆ ದೇಲಂಪಾಡಿ, ಮುಳಿಯಾರುಗಳನ್ನು ಅವುಗಳ ಜೊತೆಗೆ ತರುವುದು, ಹೊಸದುರ್ಗದ ಹೆಸರನ್ನು ಮರಳಿ ಕೇಳುವುದು: ನಾನು ಕರಡು ಮಾಡಲು ಸಿದ್ಧವಿರುವ ಮನವಿಯಲ್ಲಿ ಇರುವುದು ಈ ಮೂರು ಬೇಡಿಕೆಗಳು. ಪಂಚಾಯತು ಸದಸ್ಯರೂ ಸಂಘ ಸಂಸ್ಥೆಗಳೂ ತಮ್ಮ ಊರಿನ ಬಸ್ಸಿನ ದಾರಿ, ಕಚೇರಿಗಳ ದೂರ, ಶಾಲೆಗಳ ಮಾಧ್ಯಮ, ಇವುಗಳ ವಿವರವನ್ನು ಈಗಿನಿಂದಲೇ ಬರೆದಿಡುವುದೊಳಿತು. ಗಡುವು ಪ್ರಕಟವಾದ ಮೇಲೆ ಹುಡುಕಲು ಹೊರಟರೆ ಸಮಯ ಸಾಲದು.

ಪಾಲುಪಟ್ಟಿ ಮೊನ್ನೆ ನೋಂದಣಿಯಾಯಿತು. ಮತದಾರರ ಪಟ್ಟಿಯಲ್ಲಿ ಹೆಸರಿನ ಕಾಗುಣಿತ ತಪ್ಪಾಗಿದ್ದರೆ ನಮೂನೆ 8ನ್ನು ತುಂಬುವುದು ಹೇಗೆಂದು ಇಬ್ಬರು ಓದುಗರು ಕೇಳಿದ್ದಾರೆ. ಅದಕ್ಕೆ ಉತ್ತರ ಮುಂದಿನ ವಾರ.